ಹಗ್ಗದ ಇನ್ನೊಂದು ತುದಿ

ಡುಲೂತ್
ಸೆಪ್ಟೆಂಬರ್ ೧೨

ಮೊಂಡು ಬಿರ್ಗಿಟ್‌ಗೆ ಮಾರ್ಲಿಸಳ ಅಪ್ಪುಗೆ.

ಫೋನ್ ಮಾಡದೆ ಕಾಗದ ಬರೆಸುತ್ತಿದ್ದಾಳೆ ಎಂದು ಮುಖ ಊದಿಸಿಕೊಳ್ಳಬೇಡ. ಫೋನಿನಲ್ಲಿ ನೀನು ನನ್ನ ಮಾತು ಮುಗಿಯಲು ಬಿಡುವುದಿಲ್ಲ. ನಾನು ಹೇಳುತ್ತಿದ್ದೇನೆ, ಡ್ವೇಯ್ನ್ ಬರೆಯುತ್ತಿದ್ದಾನೆ. ಹೆಂಡತಿಗೆ ಕಣ್ಣು ಕಾಣದಿದ್ದರೆ ಗಂಡನಿಗೆ ಇಂಥ ಕೆಲಸಗಳೂ ಬೀಳುತ್ತವೆ. ಆಗಲೇ ನಿಟ್ಟುಸಿರು ಬಿಡತೊಡಗಿದ್ದಾನೆ.

ನಿನ್ನ ಮಂಡಿ ನೋಯುತ್ತಿದೆ ಎಂದು ನೀನು ಬಾಯಿ ಬಿಡುವ ಮೊದಲೇ ನನಗೆ ಗೊತ್ತಿತ್ತು. ನೀನು ನನಗೆ ಕಣ್ಣಾಗಿ ದಾರಿ ತೋರುತ್ತ, ಇಷ್ಟು ವರ್ಷ ಒಂದೇ ಹಗ್ಗದ ಎರಡು ತುದಿ ಹಿಡಿದು ಓಡಿದವರು ನಾವು. ಇಳಿಜಾರು ಬಂದಾಗಲೆಲ್ಲ ಹಗ್ಗ ಜಗ್ಗುತ್ತಿತ್ತು, ನಿನ್ನ ಬಲ ಹೆಜ್ಜೆ ಅಳುಕುತ್ತಿತ್ತು. ಕೇಳಿದರೆ, "ಶೂ ಹೊಸದು ಕಣೇ, ಇನ್ನೂ ಪಳಗಿಲ್ಲ" ಎಂದೆ. ಆ ಶೂ ನೀನು ಈಸ್ಟರಿಗೆ ಕೊಂಡದ್ದು, ಆಗಲೇ ನಾಲ್ಕು ತಿಂಗಳಾಗಿತ್ತು.

ಫಿಸಿಯೋಥೆರಪಿಸ್ಟ್ ರೊಸಾಲಿ ಬಳಿಗೆ ನಿನ್ನನ್ನು ಎಳೆದುಕೊಂಡು ಹೋದ ದಿನ ಅವಳು, "ರಸ್ತೇಲಿ ಯಾವ ಕಡೆ ಓಡ್ತೀಯ?" ಎಂದು ಕೇಳಿದಳಲ್ಲ. "ಅಂಚಲ್ಲಿ. ಇವಳಿಗೆ ಸಮ ಜಾಗ ಬೇಕಲ್ವಾ" ಎಂದು ನೀನು ಗೊಣಗಿದೆ. ನನಗೆ ಮಟ್ಟಸವಾದ ರಸ್ತೆ ಬಿಟ್ಟುಕೊಟ್ಟು ನೀನು ಸದಾ ವಾಲಿದ ಅಂಚಿನಲ್ಲಿ ಓಡಿ ಓಡಿ ಮಂಡಿ ಕೆಡಿಸಿಕೊಂಡೆ, ಒಂದು ದಿನವೂ ಹೇಳಲಿಲ್ಲ. ನನಗೆ ಎಷ್ಟು ಸಿಟ್ಟು ಬಂತೆಂದರೆ ಅಳುವೇ ಬಂದುಬಿಟ್ಟಿತು.

ಅವಳು ಕಲಿಸಿದ್ದನ್ನಾದರೂ ಮಾಡುತ್ತಿದ್ದೀಯಾ? ಮಗ್ಗುಲಾಗಿ ಮಲಗಿ ಮೇಲಿನ ಕಾಲನ್ನು ಮೆಲ್ಲಗೆ ಎತ್ತಿ ಇಳಿಸುವುದು ನಿನ್ನಂಥ ಸೋಮಾರಿಗೂ ಆಗುತ್ತದೆ. ಅಂಗಾತ ಮಲಗಿ, ಮಂಡಿ ಮಡಚಿ, ಸೊಂಟ ಎತ್ತಿ ಹಿಡಿಯುವುದೂ ಅಷ್ಟೇ. ತೊಡೆಗೆ ರಬ್ಬರ್ ಪಟ್ಟಿ ಹಾಕಿಕೊಂಡು ಏಡಿಯ ಹಾಗೆ ಅಡ್ಡಡ್ಡ ನಡೆಯುವಾಗ ನೀನು ನಕ್ಕಿದ್ದು ಕೇಳಿಸಿತು. ಮೆಟ್ಟಿಲ ಮೇಲೆ ಒಂಟಿಕಾಲಲ್ಲಿ ನಿಂತು ಇನ್ನೊಂದು ಕಾಲನ್ನು ಕೆಳಗಿಳಿಸುವಾಗ ಮಾತ್ರ ನಗು ನಿಂತಿತು. ಅಲ್ಲೇ ನಿನ್ನ ಮಂಡಿ ಒಳಕ್ಕೆ ವಾಲುತ್ತದಂತೆ. ನೋವು ತಗ್ಗುವ ತನಕ ಇಳಿಜಾರು ಬೇಡ, ಉದ್ದದ ಓಟ ಬೇಡವೇ ಬೇಡ ಎಂದಳು ರೊಸಾಲಿ. ಹೂಂ ಹೂಂ ಎಂದ ನೀನು ಮರುದಿನವೇ ಹಗ್ಗ ಹಿಡಿದು ನನ್ನ ಬಾಗಿಲಲ್ಲಿ ನಿಂತು, "ಮೆಲ್ಲಗೆ ಓಡಿದ್ರೆ ಅದು ಓಟಾನೇ ಅಲ್ಲ ಬಿಡೇ" ಎಂದೆ! ಇಂಥ ತರ್ಕ ಓಡುವವರ ತಲೆಯಲ್ಲಿ ಮಾತ್ರ ಹುಟ್ಟುತ್ತದೆ. ಹಗ್ಗ ಕಿತ್ತುಕೊಂಡು ಬಾಗಿಲು ಹಾಕಿದ್ದಕ್ಕೆ ನಾನು ಕ್ಷಮೆ ಕೇಳುವುದಿಲ್ಲ.

"ಅಕ್ಟೋಬರ್ ಓಟಕ್ಕೆ ಮತ್ತೆ ಯಾರು ನಿನ್ನ ಕರ್ಕೊಂಡ್ ಹೋಗ್ತಾರೆ?" ಎಂದು ಹೊರಗಿನಿಂದ ಕೂಗಿದೆಯಲ್ಲ, ಕೇಳು. ಆಳು ಸಿಕ್ಕಿದ್ದಾನೆ. ಹೆಸರು ಕೆಂಡಲ್, ನಮ್ಮ ಓಟದ ಕ್ಲಬ್ಬಿಗೆ ಹೊಸಬ. ಗುಂಡಿ ಬಂದರೆ ಸರಿಯಾದ ಸಮಯಕ್ಕೆ ಹೇಳುತ್ತಾನೆ. ನಿನ್ನ ಹಾಗೆ ದಾರಿಯುದ್ದಕ್ಕೂ ಯಾರ ಮನೆಯ ಪರದೆ ಯಾವ ಬಣ್ಣ ಎಂದು ವರ್ಣಿಸುವುದಿಲ್ಲ. ಸರೋವರದ ದಂಡೆಯಲ್ಲಿ ದಿನಾ ಓಡುತ್ತೇವೆ, ತುಂಬಾ ಚೆನ್ನಾಗಿದೆ. ನೀನು ನಿಶ್ಚಿಂತೆಯಿಂದ ಮಂಡಿ ಸರಿಮಾಡಿಕೋ. ಅವನನ್ನು ನೋಡಲು ಬರಬೇಡ, ನಾಚಿಕೆ ಸ್ವಭಾವ. ಓಟದ ದಿನವೂ ಬರಬೇಡ, ಚಳಿ ಇರುತ್ತದೆ. "ಈ ಊರವಳಿಗೇ ಚಳಿ ಅಂತ ಹೇಳ್ತೀಯಾ?" ಎಂದು ಡ್ವೇಯ್ನ್ ಕೇಳುತ್ತಿದ್ದಾನೆ. ಬರಿ ಎಂದರೆ ಬರೆಯಬೇಕಪ್ಪ, ಅಷ್ಟೇ.

ನಾನು ಚೆನ್ನಾಗಿದ್ದೇನೆ. ಒಂದು ಕಡೆ ಕೂರಲು ಆಗುವುದಿಲ್ಲ, ಅಷ್ಟೇ. ನಿನ್ನೆ ಅಡುಗೆಮನೆಯ ಕಪಾಟು ಜೋಡಿಸಿದೆ, ಮತ್ತೆ ಎಲ್ಲ ತೆಗೆದು ಮತ್ತೆ ಜೋಡಿಸಿದೆ. ಮೆಟ್ಟಿಲ ಮೇಲೆ ನಿನ್ನ ಶೂ ಸದ್ದು ಕೇಳದಿದ್ದರೆ ನನಗೆ ಬೆಳಗಾದಂತೆಯೇ ಅನಿಸುವುದಿಲ್ಲ. ಡ್ವೇಯ್ನ್, ಈ ಸಾಲು ಹೊಡೆದುಹಾಕು.

ಹಗ್ಗದ ಈ ತುದಿಯಿಂದ,
ಮಾರ್ಲಿಸ್

ತಾ.ಕ.: ಬಿರ್ಗಿಟ್, ನಾನು ಡ್ವೇಯ್ನ್. ಅವಳು ಲಕೋಟೆ ತರಕ್ಕೆ ಒಳಗೆ ಹೋಗಿದ್ದಾಳೆ, ಬೇಗ ಬರೀತೀನಿ. ಕೆಂಡಲ್ ಅನ್ನೋ ಮನುಷ್ಯನೇ ಇಲ್ಲ. ಓಟದಿಂದ ಹೆಸರು ವಾಪಸ್ ತಗೊಂಡಿದ್ದಾಳೆ. ಕ್ಲಬ್ಬಿನವರು ಜೊತೆಗೆ ಓಡಕ್ಕೆ ಬರ್ತೀವಿ ಅಂದ್ರೆ "ನನ್ನ ಹಗ್ಗಕ್ಕೆ ಆಗಲೇ ಒಬ್ಳು ಇದ್ದಾಳೆ" ಅಂದುಬಿಟ್ಳು. ಬೆಳಿಗ್ಗೆ ಎದ್ದು ಹಗ್ಗದ ಒಂದು ತುದೀನ ಗ್ಯಾರೇಜ್ ಬಾಗಿಲಿಗೆ ಕಟ್ಟಿ, ಇನ್ನೊಂದು ತುದಿ ಹಿಡ್ಕೊಂಡು ನಿಂತಲ್ಲೇ ಓಡ್ತಾಳೆ. ಫೋನಲ್ಲಾದ್ರೆ ಸುಳ್ಳು ನಿಂಗೆ ಗೊತ್ತಾಗತ್ತೆ ಅಂತ ಈ ಕಾಗದ. ಇದು ಕೈಗೆ ಸಿಕ್ಕ ಮರುದಿನ ಬೆಳಿಗ್ಗೇನೇ ಬಾ. ಓಡಕ್ಕಲ್ಲ, ರಬ್ಬರ್ ಪಟ್ಟಿ ತಗೊಂಡು ಬಾ. ನಮ್ಮ ಮೆಟ್ಟಿಲ ಮೇಲೇ ನಿನ್ನ ವ್ಯಾಯಾಮ ಮಾಡು, ಕಳ್ಳಾಟ ಆಡಿದ್ರೆ ಅವಳಿಗೆ ಕೇಳಿಸತ್ತೆ. ಆ ಸಾಲು ನಾನು ಹೊಡೆದುಹಾಕಿಲ್ಲ. ಹತ್ತುವಾಗ ಶೂ ಸದ್ದು ಸ್ವಲ್ಪ ಜೋರಾಗೇ ಇರ್ಲಿ.