ಎರಡನೇ ಸಾಲು

ಜೂನ್ 3
ಇವತ್ತೂ ನಾಲ್ಕು ಸಾಲು. ಮಗಳ ಆಜ್ಞೆ. ಪುಸ್ತಕ ತೆರೆದು ನೋಡುವುದಿಲ್ಲ ಅಂತ ಮಾತು ಕೊಟ್ಟಿದ್ದಾಳೆ. ಇಷ್ಟು ವರ್ಷ ಬೋರ್ಡ್ ಬರೆದ ಕೈ ಇದು. ಬರೆದದ್ದೆಲ್ಲಿ, ಬಳಿದದ್ದು... ಅಣ್ಣ ಸೀಮೆಸುಣ್ಣದಲ್ಲಿ ಅಕ್ಷರ ಗೀಚಿಕೊಡುತ್ತಿದ್ದ, ನಾನು ಬಣ್ಣ ತುಂಬುತ್ತಿದ್ದೆ. ಈಗ ಅವನ ಕಣ್ಣಿಗೆ ಪೊರೆ. ಗೀಚುವವರಿಲ್ಲ. ಅದಕ್ಕೇ ಈ ವಯಸ್ಸಲ್ಲಿ ಅಕ್ಷರ ಕಲಿಯುವ ಶಿಕ್ಷೆ ನನಗೆ.

ಜೂನ್ 5
ಪಾಠದ ಹಾಳೆ ನೋಡಿ ಮಗಳು ಗದರಿದಳು: "ಅಪ್ಪಾ, ಅಕ್ಷರಕ್ಕೆ ನೆರಳು ಯಾಕೆ ಹಾಕ್ತೀಯಾ? ಸುಮ್ನೆ ಬರಿ." ಕೈ ಕೇಳಬೇಕಲ್ಲ. ತಲೆಕಟ್ಟು ಕೊನೆಗೆ ಹಾಕಿದೆ, ಬೋರ್ಡಿನಲ್ಲಿ ಹಾಗೇ ರೂಢಿ. ಮತ್ತೆ ಬೈಗುಳ. ಪೆನ್ಸಿಲ್ ಮುರಿದೆ. ಬೇಕಂತಲೇ.

ಜೂನ್ 16
ಇಷ್ಟು ದಿನ ಬರೆಯಲಿಲ್ಲ. ಒತ್ತಕ್ಷರ ಬಂತು, ತಾಳ್ಮೆ ಹೋಯಿತು. "ಈ ವಯಸ್ಸಲ್ಲಿ ಯಾಕೋ ನಿನಗೆ ಈ ಉಸಾಬರಿ? ಆಪರೇಷನ್ ಆಗ್ಲಿ, ನಾನೇ ಗೀಚ್ಕೊಡ್ತೀನಿ" ಅಂದ ಅಣ್ಣ. ಪಾಪ, ನನ್ನ ಕಷ್ಟ ನೋಡಲಾರ.

ಮಗಳು ನನ್ನ ಹೆಸರು ಬರೆದು ತೋರಿಸಲು ಬಂದಳು. ಬೇಡ ಅಂದೆ. ಒತ್ತಕ್ಷರವೆಲ್ಲ ಕಲಿತ ಮೇಲೆ ಅದನ್ನು ನಮ್ಮ ಅಂಗಡಿ ಬೋರ್ಡಿನಲ್ಲೇ ಮೊದಲು ಓದಬೇಕು. ಮೇಲೆ ಅಣ್ಣನ ಹೆಸರು ಹಳದಿಯಲ್ಲಿ, ಎರಡನೇ ಸಾಲಿನಲ್ಲಿ ನನ್ನದು ಕೆಂಪಿನಲ್ಲಿ. ನನ್ನದೇ ಉದ್ದ. "ನಿನ್ನ ಹೆಸರಿಗೆ ಅಪ್ಪನ ಹೆಸರೂ ಸೇರಿಸಿದ್ದೀನಿ ಕಣೋ. ಅಂಗಡಿ ಇಬ್ಬರದ್ದೂ ಸಮ ಸಮ" ಅಂದಿದ್ದ, ಅಂಗಡಿ ಹಾಕಿದ ದಿನ. ವರ್ಷ ವರ್ಷ ಆ ಕೆಂಪಿಗೆ ಹೊಸ ಬಣ್ಣ ಹಚ್ಚುತ್ತೇನೆ.

ಜುಲೈ 9, ಬೆಳಿಗ್ಗೆ
ಓದಿದೆ. ಮೇಲೆ ಅಣ್ಣನ ಹೆಸರು. ಸರಿ. ಕೆಳಗೆ — ಕೆ, ಲ, ಸ. ಕೆಲಸ? ತಪ್ಪಿರಬೇಕು ಅಂತ ಮತ್ತೆ ಓದಿದೆ. "ಕೆಲಸ ತಕ್ಷಣ ಮಾಡಿಕೊಡಲಾಗುವುದು." ಅಷ್ಟೇ. ನನ್ನ ಹೆಸರಿಲ್ಲ. ಪಕ್ಕದ ಟೈಲರನ್ನು ಕೇಳಿದೆ. "ಮೊದಲಿಂದ್ಲೂ ಹಾಗೇ ಇದೆಯಲ್ಲ, ನೀವೇ ಬರ್ದಿದ್ದು" ಅಂದ.

ಜುಲೈ 10
ಕಿವಿ ಮೇಲೆ ಹೂವಿಟ್ಟವನು ಒಡಹುಟ್ಟಿದವನು. ಆ ಹೂವಿಗೆ ಬಣ್ಣ ಹಚ್ಚಿದವನು ನಾನು. ಮಗಳಿಗೆ ಹೇಳಿಲ್ಲ. ಓದಲು ಕಲಿಯಬಾರದಿತ್ತು.

ಜುಲೈ 13
ಕೆಂಪು ಸಾಲನ್ನು ಕೆರೆದು ತೆಗೆದೆ. ಅಲ್ಲಿ ನನ್ನ ಹೆಸರು ಬರೆದೆ. ಗೀಚಿಕೊಟ್ಟವರು ಯಾರೂ ಇಲ್ಲ. ಸ್ವಲ್ಪ ಸೊಟ್ಟಗೆ ಬಂತು. ನೆರಳೂ ಹಾಕಿದೆ.

ಅಷ್ಟರಲ್ಲಿ ಅಣ್ಣ ಬಂದ. ಎಂದಿನಂತೆ ಏಣಿ ಹಿಡಿದುಕೊಂಡ. ತಲೆ ಎತ್ತಿ ನೋಡಿದ, ಕಾಣಲಿಲ್ಲ.

"ಏನ್ ಬರ್ದ್ಯೋ?"

"ಕೆಲಸ ತಕ್ಷಣ ಮಾಡಿಕೊಡಲಾಗುವುದು" ಅಂದೆ.

"ಓದ್ಬಿಟ್ಯಾ?" ಅಂದ ಅಣ್ಣ. ಏಣಿ ಮಾತ್ರ ಬಿಡಲಿಲ್ಲ. ಕೆಳಗಿಳಿದು, ಅವನ ಎದುರು ನಿಂತು, ಕೆಂಪು ಮೆತ್ತಿದ ಬೆರಳಿಂದ ಅವನ ಅಂಗೈ ಮೇಲೆ ನನ್ನ ಹೆಸರು ಬರೆದೆ.