ಜೇನುಪುಸ್ತಕದ ಅಂಚಿನಲ್ಲಿ ಬರೆದವರಿಗೆ

ಬೆಟಗೇರಿ
ಶಾಲಿವಾಹನ ಶಕೆ ೨೧೨೧, ವಿಕಾರಿ ಸಂವತ್ಸರದ ಶ್ರಾವಣ
(ನಿಮ್ಮ ಲೆಕ್ಕದಲ್ಲಿ ಇಸವಿ ೨೧೯೯)

ಅಕ್ಕಾರ,

ಹಾಗೆ ಕರೆಯಬಹುದೇ? ನೀವು ನನಗಿಂತ ಐದಾರು ತಲೆಮಾರು ಹಿರಿಯರು. ಆದರೆ ಆ ಪುಸ್ತಕದ ಅಂಚಿನಲ್ಲಿ ಬರೆದ ದಿನ ನಿಮಗೆ ನನ್ನಷ್ಟೇ ವಯಸ್ಸಿದ್ದಿರಬೇಕು ಅನ್ನಿಸುತ್ತದೆ.

ಮೇಲಿನ ತಾರೀಖು ನೋಡಿ ಯಾರದೋ ಹುಡುಗಾಟವೆಂದು ಈ ಹಾಳೆಯನ್ನು ಮಡಚಿಡಬೇಡಿ. ಕಾಗದ ಹಿಂದಕ್ಕೆ ಹೋಗುವುದಿಲ್ಲ ಎಂಬುದು ನನಗೂ ಗೊತ್ತು, ನಾನೂ ಕಾಲೇಜು ಓದಿದವಳು. ಆದರೆ ನಿಮ್ಮ ಮಾತು ಮುಂದಕ್ಕೆ ಬಂದು ನನ್ನನ್ನು ಮುಟ್ಟಿದ ಮೇಲೆ ಉತ್ತರ ಕೊಡದೆ ಸುಮ್ಮನಿರುವುದು ನಮ್ಮ ಕಡೆಯ ರೀತಿಯಲ್ಲ. ನನ್ನ ಕನ್ನಡ ಅಲ್ಲಲ್ಲಿ ತೊಡಕಾದರೆ ಕ್ಷಮಿಸಿ. ನಿಮ್ಮ ಕಾಲದ ಕನ್ನಡವನ್ನು ನಾನು ಕಲಿತದ್ದು ಒಂದೇ ಅಂಗಡಿಯ ಪುಸ್ತಕಗಳಿಂದ: ಹತ್ತಿಯ ಕೀಟಗಳ ಬಗ್ಗೆ ಒಂದು, ಮದುವೆಯ ಹಾಡುಗಳದ್ದೊಂದು, ಯಾವುದೋ ಪತ್ತೇದಾರಿ ಕಾದಂಬರಿಯ ಎರಡನೆಯ ಭಾಗ ಮಾತ್ರ, ಮತ್ತೆ ರೈಲಿನ ವೇಳಾಪಟ್ಟಿ. ಪ್ರೀತಿಯ ಮಾತಿನ ನಡುವೆ ಕೀಟನಾಶಕದ ಮಾತು ನುಸುಳಿದರೆ ನಕ್ಕುಬಿಡಿ. ಇನ್ನೊಂದು, ಹೊನಲು ಹುಟ್ಟಿದಾಗಿನಿಂದ ನನಗೆ ನಿದ್ದೆಯಿಲ್ಲ. ಹೊನಲು ನನ್ನ ಮಗಳು. ಅವಳು ಮಲಗಿದರೂ ಉಸಿರಾಡುತ್ತಿದ್ದಾಳೋ ಇಲ್ಲವೋ ಎಂದು ನೋಡುತ್ತ ನಾನು ಎದ್ದೇ ಇರುತ್ತೇನೆ. ಇದು ನಿಮಗೆ ವಿವರಿಸಬೇಕಾದ ಮಾತಲ್ಲ.

ನಮ್ಮ ಮನೆಗಳಲ್ಲಿ ‘ಒದಗು’ ಇರುತ್ತದೆ. ಅದರ ಮುತ್ತಜ್ಜಂದಿರು ನಿಮ್ಮ ಕಾಲದಲ್ಲೇ ಇದ್ದರಂತೆ, ನೀವು ಒಂದು ಹಾಡು ಕೇಳಿದರೆ ಅಂಥದ್ದೇ ಇನ್ನೊಂದನ್ನು ತಂದು ಮುಂದಿಡುತ್ತಿದ್ದರಂತೆ. ಒದಗು ಎಂದರೆ ಗೋಡೆಯೊಳಗಿನ ಒಂದು ಗೂಡು. ಬೆಳಿಗ್ಗೆ ಎದ್ದು ನೋಡಿದರೆ ಅದರಲ್ಲಿ ಮನೆಯ ಒಬ್ಬೊಬ್ಬರಿಗೂ ಒಂದೊಂದು ಪುಸ್ತಕ ಬಂದು ಕೂತಿರುತ್ತದೆ. ಓದಿ ಮರಳಿ ಇಟ್ಟರೆ ಹಾಳೆಗಳು ಕರಗಿ ನಾಳೆಯ ಪುಸ್ತಕವಾಗುತ್ತವೆ. ಬಂದದ್ದೆಲ್ಲ ಇಷ್ಟವಾಗುತ್ತದೆ, ಇಷ್ಟವಾಗದ್ದು ಒಂದು ದಿನವೂ ಬಂದಿಲ್ಲ. ನನ್ನ ಗಂಡ ರಾಚಪ್ಪ ಸಣ್ಣವನಿದ್ದಾಗ ಒಂದು ಕುಸ್ತಿಯ ಕಥೆಯನ್ನು ಮೆಚ್ಚಿದನಂತೆ, ಇಂದಿಗೂ ಕುಸ್ತಿಯ ಕಥೆಗಳನ್ನೇ ಓದುತ್ತಾನೆ. ಬೇಸರವಾಗುವುದಿಲ್ಲವೇ ಎಂದು ಕೇಳಿದರೆ, “ಬ್ಯಾಸರಾ ಆಗೂವಂಥಾದ್ದನ್ನ ಅದು ಕೊಡೂದ ಇಲ್ಲಲ್ಲ” ಎನ್ನುತ್ತಾನೆ. ಒದಗು ಕೊಡದ ಪುಸ್ತಕ ಸಿಗುವ ಜಾಗ ಊರಲ್ಲಿ ಒಂದೇ. ಅದು ನಾನು ಮೇಲೆ ಹೇಳಿದ ಅಂಗಡಿ, ಮುದುಕಿ ಅಂಬಕ್ಕನದು, ಅದೂ ಈಗ ಇದ್ದೂ ಇಲ್ಲದ ಹಾಗೆ.

ನಮ್ಮ ಓಣಿಯ ಕೊನೆಗೆ ಹಳೆಯ ಕೈಮಗ್ಗದ ಒಂದು ಕೋಣೆ ಇದೆ. ನೇಕಾರರು ಕಾಲು ಇಳಿಬಿಟ್ಟು ಕೂರಲೆಂದು ನೆಲದಲ್ಲಿ ತೋಡಿದ ಕುಣಿಗಳು ಅದರಲ್ಲಿ ಇನ್ನೂ ಇವೆ. ಮಗ್ಗಗಳು ಹೋದವು, ಕುಣಿಗಳು ಉಳಿದವು. ಅಂಬಕ್ಕ ಆ ಕುಣಿಗಳ ಸುತ್ತ ನೆಲದ ಮೇಲೆಯೇ ಪುಸ್ತಕಗಳನ್ನು ಜೋಡಿಸಿದ್ದಳು. ಕುಣಿಯಲ್ಲಿ ಕಾಲು ಬಿಟ್ಟು ಕೂತರೆ ಮೂರೂ ಕಡೆ ಎದೆಯೆತ್ತರಕ್ಕೆ ಪುಸ್ತಕಗಳೇ. ನಿಮ್ಮ ಕಾಲದವು, ನಿಮಗಿಂತ ಹಳೆಯವು, ಮೊನ್ನೆ ಹತ್ತೇ ಹತ್ತು ಪ್ರತಿ ಅಚ್ಚಾಗಿ ಬಂದವು, ಎಲ್ಲ ಒಟ್ಟಿಗೆ. ಹಳೆಯವಕ್ಕೆ ಒಣಗಿದ ಬೇವಿನೆಲೆಯ ವಾಸನೆ, ಹೊಸವು ಶಾಯಿ ಆರದೆ ಬೆರಳಿಗೆ ಅಂಟುತ್ತಿದ್ದವು. ಬಾವಿ ತೋಡುವ ವಿಧಾನದ ಮಗ್ಗುಲಲ್ಲಿ ಗಾಳಿಬಂಡಿ ನಡೆಸುವ ಹೆಂಗಸೊಬ್ಬಳ ಕವಿತೆಗಳು, ಅದರ ಮೇಲೆ ಮುಖಪುಟ ಕಳೆದುಕೊಂಡ ವ್ಯಾಕರಣ, ಅದರ ಕೆಳಗೆ ಯಾರೋ ಹಾವಾಡಿಗನ ಆತ್ಮಕಥೆ. ಅಂಗಡಿಯಲ್ಲಿ ಕಟ್ಟಳೆ ಒಂದೇ. ತೆಗೆದ ಪುಸ್ತಕವನ್ನು ತೆಗೆದ ಜಾಗದಲ್ಲಿ ಇಡಕೂಡದು. ನಿಮಗೆ ತೋಚಿದ ಬೇರೊಂದು ಪುಸ್ತಕದ ಮಗ್ಗುಲಿಗೆ ಇಟ್ಟು ಹೋಗಬೇಕು. ಇದಕ್ಕೆ ನಾವು ‘ಮಗ್ಗುಲು ಬದಲಿಸುವುದು’ ಎನ್ನುತ್ತಿದ್ದೆವು. ಹೀಗಾಗಿ ನೀವು ಹುಡುಕಿಕೊಂಡು ಬಂದದ್ದು ಅಲ್ಲಿ ಸಿಗುತ್ತಿರಲಿಲ್ಲ. ಹುಡುಕದೇ ಇದ್ದದ್ದು ಸಿಗುತ್ತಿತ್ತು, ಅದನ್ನು ಓದುತ್ತ ಕುಣಿಯಲ್ಲಿ ಕಾಲು ಜೋಮು ಹಿಡಿದು, ಮನೆಯಲ್ಲಿ ಹಿಟ್ಟು ಕಲಸಿಟ್ಟು ಬಂದದ್ದೂ ಮರೆತುಹೋಗುತ್ತಿತ್ತು.

ಬಸಿರಿದ್ದಾಗ ನಾನು ಕೂಸಿಗೆ ಎಣ್ಣೆ ತಿಕ್ಕುವ ಬಗೆ ತಿಳಿಸುವ ಪುಸ್ತಕ ಹುಡುಕಿಕೊಂಡು ಹೋದೆ. ಅದರ ಮಗ್ಗುಲಿಗೆ ಯಾರೋ ಜೇನು ಸಾಕುವ ಕೈಪಿಡಿಯನ್ನು ಇಟ್ಟು ಹೋಗಿದ್ದರು. ತೆರೆದ ಕೂಡಲೇ, ಜೇನುಹುಳುಗಳು ಗೂಡು ಬಿಟ್ಟು ಹೊರಡುವ ಅಧ್ಯಾಯದ ಅಂಚಿನಲ್ಲಿ, ಪೆನ್ಸಿಲ್ಲಿನ ನಿಮ್ಮ ಅಕ್ಷರ ಕಂಡಿತು: “ಕೂಸು ಮಲಗೈತಿ. ಇಲ್ಲೀತನಕ ಓದೇನಿ.” ಅದರ ಕೆಳಗೆ ಅವಸರದಲ್ಲಿ, “ಎದ್ದೈತಿ.” ಅಷ್ಟೆ. ಮುಂದಿನ ಪುಟಗಳಲ್ಲಿ ಒಂದು ಗೆರೆಯೂ ಇರಲಿಲ್ಲ. ನೀವು ಆ ಪುಸ್ತಕವನ್ನು ಮುಗಿಸಿದಿರೋ ಇಲ್ಲವೋ, ಮನೆಯಲ್ಲಿ ಜೇನು ಸಾಕಿದ್ದಿರೋ ಅಥವಾ ಕೈಗೆ ಸಿಕ್ಕಿತೆಂದು ಓದಿದಿರೋ, ಕೂಸು ಗಂಡೋ ಹೆಣ್ಣೋ, ಏನೂ ತಿಳಿಯದು. ಆದರೂ ಹೆರಿಗೆಗೆ ಮುಂಚಿನ ಭಯದ ದಿನಗಳಲ್ಲಿ ನನಗೆ ಧೈರ್ಯ ಬಂದದ್ದು ಆ ಎರಡು ಸಾಲಿನಿಂದ. ಪುಸ್ತಕವನ್ನು ಮನೆಗೆ ಒಯ್ಯಬಹುದಿತ್ತು. ಒಯ್ಯಲಿಲ್ಲ. ಇನ್ನೊಬ್ಬಳಿಗೆ ಸಿಗಲಿ ಎಂದು ಮಗ್ಗುಲು ಬದಲಿಸಿ ಬಂದೆ.

ನಾನು ಬಾಣಂತಿಯಾಗಿ ಒಳಗಿದ್ದಾಗ ಅಂಬಕ್ಕ ಕಣ್ಣಿನ ಪೊರೆ ತೆಗೆಸಿಕೊಳ್ಳಲು ತಂಗಿಯ ಊರಿಗೆ ಹೋದಳು. ಮುದುಕಿ ಹೊಸ ಕಣ್ಣಿನಿಂದ ತನ್ನ ಅಂಗಡಿಯನ್ನು ಚೆಂದಾಗಿ ನೋಡಲಿ ಎಂದು ಓಣಿಯವರೆಲ್ಲ ಕೂಡಿದರು. ನಮ್ಮದು ನೇಕಾರರ ಓಣಿ. ಎಳೆಯೊಂದಿಗೆ ಎಳೆ, ಬಣ್ಣದೊಂದಿಗೆ ಬಣ್ಣ ಬೇರೆ ಮಾಡಿಡುವುದು ನಮ್ಮಲ್ಲಿ ದೇವರ ಪೂಜೆಗೆ ಸಮ. ಅವರು ಪುಸ್ತಕಗಳನ್ನು ನೂಲಿನಂತೆ ಬಿಡಿಸಿದರು. ಹಳೆಯವು ಒಂದು ಗೋಡೆಗೆ, ಹೊಸವು ಇನ್ನೊಂದು ಗೋಡೆಗೆ, ವಿಷಯಕ್ಕೆ ತಕ್ಕಂತೆ ಹಲಗೆ, ಹಲಗೆಗೆ ಅಂಕಿ. ಪುಟಗಳಲ್ಲಿ ಗೀಚಿದ್ದನ್ನೆಲ್ಲ ಅಳಿಸಿ ಸ್ವಚ್ಛ ಮಾಡಿದರು. ಕುಣಿಗಳಲ್ಲಿ ಯಾರಾದರೂ ಎಡವಿ ಬಿದ್ದಾರೆಂದು ಮೇಲೆ ಹಲಗೆ ಮುಚ್ಚಿ, ಅದರ ಮೇಲೆ ರಂಗೋಲಿ ಹಾಕಿದರು. ಅಂಬಕ್ಕ ಬಂದು ಹೊಸ್ತಿಲಲ್ಲೇ ನಿಂತು ಒಳಗೆಲ್ಲ ನೋಡಿದಳಂತೆ. “ಭಾಳ ಚಲೋ ಮಾಡೀರಿ. ಇನ್ನ ಯಾರಿಗೂ ಏನೂ ಸಿಗೂದಿಲ್ಲ ಬಿಡ್ರಿ” ಎಂದು ನಕ್ಕಳಂತೆ. ಎಲ್ಲರೂ ಅದನ್ನು ಹೊಗಳಿಕೆಯೆಂದೇ ತಿಳಿದು ಪೇಡೆ ಹಂಚಿದರು. ಮುಂದೆ ನಿಂತು ಮಾಡಿಸಿದ ಬಸಲಿಂಗಣ್ಣ ಈಗ ನನ್ನ ಮುಂದೆ ಕಣ್ಣು ತಗ್ಗಿಸುತ್ತಾನೆ. “ನೂಲು ಬೆರೆತ್ರ ಸೀರಿ ಕೆಡತೈತವಾ. ಇದೂ ಹಂಗ ಅಂದ್ಕೊಂಡ್ವಿ” ಎನ್ನುತ್ತಾನೆ. ಅವನ ಮೇಲೆ ಸಿಟ್ಟಾಗಲು ನನ್ನಿಂದ ಆಗುವುದಿಲ್ಲ. ಜನ ಬಂದರು, ಬೇಕಾದ ಹಲಗೆಗೆ ಕೈ ಹಾಕಿದರು, ತೆಗೆದುಕೊಂಡು ಹೋದರು. ಬೇಕಾದದ್ದನ್ನೇ ಕೊಡುವುದಾದರೆ ಮನೆಯ ಒದಗು ಇನ್ನೂ ಚೆನ್ನಾಗಿ ಕೊಡುತ್ತದಲ್ಲ. ಆಮೇಲೆ ಬರುವುದನ್ನೂ ಬಿಟ್ಟರು. ಕಾಲು ಬಿಟ್ಟು ಕೂರುವವರು ಇಲ್ಲದಿದ್ದರೆ ದೀಪಾವಳಿಗೆ ಬಾಗಿಲು ಹಾಕಿ ಎಲ್ಲವನ್ನೂ ಸರಕಾರಿ ಕಣಜಕ್ಕೆ ಕೊಡುತ್ತೇನೆಂದು ಅಂಬಕ್ಕ ಹೇಳಿದ್ದಾಳೆ. ಅಲ್ಲಿ ಪುಸ್ತಕ ಕೆಡುವುದಿಲ್ಲ, ಯಾರ ಕೈಗೂ ಸಿಗುವುದೂ ಇಲ್ಲ.

ನಿಮ್ಮ ಕಾಲದಲ್ಲಿ ಕೂಸಿಗೆ ಮೊದಲ ಅನ್ನ ಉಣಿಸುವ ದಿನ ಮುಂದೆ ಪುಸ್ತಕ, ಪೆನ್ನು, ಮಣ್ಣು, ಬಂಗಾರ ಇಟ್ಟು ಯಾವುದನ್ನು ಮುಟ್ಟುತ್ತದೆ ಎಂದು ನೋಡುತ್ತಿದ್ದಿರಂತೆ. ಮುಟ್ಟಿದ್ದಕ್ಕೆ ನಕ್ಕು ಸಂಜೆಗೆ ಮರೆತುಬಿಡುತ್ತಿದ್ದಿರಿ. ನಮ್ಮಲ್ಲಿ ಮರೆಯುವುದಿಲ್ಲ. ಆ ದಿನ ಕೂಸಿನ ‘ರುಚಿಗೆರೆ’ ತೆರೆಯುತ್ತಾರೆ: ಅದರ ಕೈ ಮೊದಲು ಹೋದದ್ದನ್ನು ಒದಗು ನೋಡಿಕೊಳ್ಳುತ್ತದೆ, ಅಲ್ಲಿಂದ ಗೆರೆ ಎಳೆಯುತ್ತ ಹೋಗುತ್ತದೆ. ಹೊನಲಿನ ಮುಂದೆ ನಿಮ್ಮ ಪುಟ ತೆರೆದಿಡಬೇಕೆಂದು ನನ್ನ ಆಸೆಯಾಗಿತ್ತು. ಹಿಂದಿನ ದಿನ ಅವಳನ್ನು ಸೆರಗಿನಲ್ಲಿ ಕಟ್ಟಿಕೊಂಡು ಅಂಗಡಿಗೆ ಹೋದೆ. ಜೇನುಪುಸ್ತಕ ಜೇನಿನ ಹಲಗೆಯಲ್ಲೇ ಇತ್ತು, ಕೈ ಚಾಚಿದರೆ ಸಿಕ್ಕಿತು. ಹುಳುಗಳು ಗೂಡು ಬಿಡುವ ಅಧ್ಯಾಯ ತೆರೆದೆ. ಅಂಚು ಬೆಳ್ಳಗಿತ್ತು. ಬೆಳಕಿಗೆ ಹಿಡಿದೆ, ಬೆರಳಿನಿಂದ ಸವರಿದೆ. ಏನೂ ಇರಲಿಲ್ಲ.

ಆದರೂ ತಂದು ಇಟ್ಟೆ. ಹೊನಲು ಅದರತ್ತ ನೋಡಲಿಲ್ಲ, ಪಾಯಸದ ಬಟ್ಟಲಲ್ಲಿದ್ದ ಬೆಳ್ಳಿ ಚಮಚೆಗೆ ಕೈ ಹಾಕಿದಳು. “ಹೊಳಿಯೂದನ್ನ ಹಿಡೀತು ನೋಡ್ರಿ ನಮ್ಮ ಬಂಗಾರ!” ಎಂದು ಅತ್ತೆ ಕುಣಿದರು. ಮರುದಿನದಿಂದ ಗೂಡಿನಲ್ಲಿ ಅವಳಿಗಾಗಿ ಹೊಳೆಯುವ ಬಟ್ಟೆಯ ಪುಸ್ತಕಗಳು ಬರುತ್ತಿವೆ. ಚಂದ್ರ, ಕನ್ನಡಿ, ಮೀನು, ಮತ್ತೆ ಚಂದ್ರ. ನೋಡಿ ನಗುತ್ತಾಳೆ. “ಕೂಸು ನಗತೈತಿ, ನಿನಗೇನ ಚಿಂತಿ?” ಎಂದು ಅತ್ತೆ ಕೇಳುತ್ತಾರೆ. ಅವಳು ನಗುವುದೇ ನನ್ನ ಚಿಂತೆ ಎಂದು ಹೇಗೆ ಹೇಳಲಿ? ಹಲ್ಲು ಬಾರದ ಹುಡುಗಿಗೆ ಹೊಳೆಯುವುದು ಇಷ್ಟ ಎಂದು ಬರೆದಾಗಿದೆ. ತನಗಾಗಿ ಇಡದೇ ಇದ್ದದ್ದು, ತನಗೆ ಸಂಬಂಧವೇ ಇಲ್ಲದ್ದು, ನೂರಕ್ಕೂ ಹೆಚ್ಚು ವರ್ಷ ಹಳೆಯ ಯಾರದೋ ಪಿಸುಮಾತು, ಇವು ಅವಳ ಕೈಗೆ ಎಂದಾದರೂ ಸಿಕ್ಕೀತೇ?

ಅದಕ್ಕೇ ಈಗ ಮಧ್ಯಾಹ್ನಗಳಲ್ಲಿ ಅವಳನ್ನು ಎತ್ತಿಕೊಂಡು ಅಂಗಡಿಗೆ ಹೋಗುತ್ತೇನೆ. ಒಂದು ಕುಣಿಯ ಹಲಗೆ ಸರಿಸಿ ಕಾಲು ಬಿಟ್ಟು ಕೂತು, ಕೈಗೆ ಸಿಕ್ಕಷ್ಟು ಪುಸ್ತಕಗಳ ಮಗ್ಗುಲು ಬದಲಿಸುತ್ತೇನೆ. ಅಂಬಕ್ಕ ನೋಡಿಯೂ ನೋಡದ ಹಾಗೆ ಇರುತ್ತಾಳೆ. ನಿನ್ನೆ ಮಾತ್ರ ತಡೆಯಲಾರದೆ, “ನಿಂಗವ್ವಾ, ಅಡಗಿ ಪುಸ್ತಕದ ಬಾಜೂಕ ಬಾವಿ ತೋಡೂದನ್ನ ಇಟ್ಟಿಯಲ್ಲ, ನಿನ್ನ ಅಡಗಿ ಅಷ್ಟು ಖಾರ ಏನವಾ?” ಎಂದಳು. ದೀಪಾವಳಿಗೆ ಇನ್ನು ಉಳಿದದ್ದು ಎರಡು-ಮೂರು ತಿಂಗಳಷ್ಟೇ. ಒಬ್ಬಳ ಎರಡು ಕೈಯಿಂದ ಅಷ್ಟು ಪುಸ್ತಕ ಬೆರೆಸಿ ಮುಗಿಯುವುದಿಲ್ಲ ಎಂಬುದು ನನಗೆ ಗೊತ್ತು, ಅವಳಿಗೂ ಗೊತ್ತು.

ಈ ಕಾಗದವನ್ನು ನಿಮ್ಮ ಪುಟದಲ್ಲೇ ಇಟ್ಟು, ಪುಸ್ತಕವನ್ನು ಎಣ್ಣೆ ತಿಕ್ಕುವ ಪುಸ್ತಕದ ಮಗ್ಗುಲಿಗೆ ಸೇರಿಸುತ್ತೇನೆ. ನಿಮ್ಮ ಎರಡು ಸಾಲು ಇಷ್ಟು ದಿನ ನನ್ನ ನೆನಪಿನಲ್ಲಿ ಮಾತ್ರ ಇದ್ದವು. ಅವನ್ನು ಮೇಲೆ ಬರೆದು ಹಿಂದಿರುಗಿಸಿದ್ದೇನೆ. ಹೇಗೋ ಇದು ನಿಮ್ಮನ್ನು ಮುಟ್ಟಿದರೆ ನನ್ನದೊಂದು ಬೇಡಿಕೆ. ಆ ಪುಸ್ತಕವನ್ನು ಪೂರ್ತಿ ಓದಿ. ಎಲ್ಲೆಲ್ಲಿ ನಿಲ್ಲಿಸುತ್ತೀರೋ ಅಲ್ಲೆಲ್ಲ ಬರೆಯಿರಿ. ಕೂಸು ಏನಾಯಿತೆಂದು ಬರೆಯಿರಿ. ಓದಿದ ಮೇಲೆ ಅದನ್ನು ಇರಬಾರದ ಜಾಗದಲ್ಲಿ ಇಟ್ಟುಬಿಡಿ. ಮತ್ತೆ, ಪೆನ್ಸಿಲ್ ಬೇಡ ಅಕ್ಕಾರ. ಈ ಸಲ ಶಾಯಿಯಲ್ಲಿ ಬರೆಯಿರಿ.

ಕೂಸು ಎದ್ದೈತಿ. ಇಲ್ಲೀತನಕ ಬರದೇನಿ.

ನಿಂಗವ್ವ