ನಾಲ್ಕನೆಯ ನುಡಿ

ಇಸ್ಫಂದಾರ ೨೭, ಫಸಲಿ ೧೩೫೧ (ಜನವರಿ ೧೯೪೨). ಮಸ್ಕಿ

ಬೆಳಿಗ್ಗೆಯಿಂದ ಮೊಹರಮ್ಮಿನ ಪದಗಳ ಶುದ್ಧಪ್ರತಿ ಮಾಡುತ್ತಿದ್ದೇನೆ. ಬೆರಳು ನೋವು. ಉಳಿದವೆಲ್ಲ ಪೂರ್ತಿ. ಹಂದರದಿಂದಲೇ ಕರ್ಬಲಾದ ರಣಕ್ಕೆ ಹೊರಟ ಖಾಸಿಮನ ಮದುವೆಯ ಪದದಲ್ಲಿ ಮಾತ್ರ ಮೂರನೆಯ ನುಡಿ ಇದೆ, ಐದನೆಯದಿದೆ, ನಾಲ್ಕನೆಯದೇ ಇಲ್ಲ!

ತಪ್ಪು ನನ್ನದೇ. ಮೊನ್ನೆ ಕೊನೆಯ ದಿನ ಅಲಾಯಿ ಕುಣಿಯ, ಜನ ಸುತ್ತ ಹೆಜ್ಜೆ ಹಾಕುವ ಬೆಂಕಿಗುಂಡಿಯ, ಬಳಿ ಪೆನ್ಸಿಲ್ ಹಿಡಿದು ನಿಂತಿದ್ದೆ. ಮೇಳದ ಮುಂದಾಳು ಹುಸೇನ್‌ಸಾಬ್ ಬಂದು, "ಇಲ್ಲಿ ಸುಮ್ಮನ ನಿಂದ್ರಂಗಿಲ್ರಿ ಮಾಸ್ತರ. ನಿಂತವರು ಹೆಜ್ಜಿ ಹಾಕಬೇಕು" ಎಂದು ಕೈ ಹಿಡಿದು ಸಾಲಿಗೆ ಎಳೆದರು. ಹಾಕಿದೆ. ಪೆನ್ಸಿಲ್ ಜೇಬಿಗೆ ಹೋಯಿತು, ಅದರ ಹಿಂದೆ ಬುದ್ಧಿಯೂ. ಮತ್ತೆ ಪೆನ್ಸಿಲ್ ತೆಗೆಯುವಷ್ಟರಲ್ಲಿ ಐದನೆಯ ನುಡಿ ಬಂದಿತ್ತು. ಡಾಕ್ಟರೇಟಿಗೆ ಕೂತವನು ಮೈಮರೆತು ಕುಣಿದೆ... ಖುಷಿಯಾಗಿತ್ತು. ಅದನ್ನೂ ಬರೆದಿಡುತ್ತೇನೆ.

ಇಸ್ಫಂದಾರ ೨೮

ಹುಸೇನ್‌ಸಾಬರ ಮನೆಗೆ ಹೋದೆ. ಹತ್ತಿ ಹಿಂಜುತ್ತಿದ್ದರು. ಆ ಒಂದು ನುಡಿ ಹಾಡಿಬಿಡಿ ಎಂದೆ.

"ಅಲಾಯಿ ದೇವರು ಹೊಳಿಗೆ ಹೋಗ್ಯಾವ, ಮೊಹರಮ್ ಮುಗೀತು. ಇನ್ನ ನಮ್ಮ ಬಾಯಿ ಕಟ್ಟಿತ್ರಿ. ಮುಂದಿನ ವರ್ಷ ಕುಣಿಗೆ ಗುದ್ದಲಿ ಬೀಳೋ ತನಕ ಹಾಡಂಗಿಲ್ಲ."

"ಹಾಡಬ್ಯಾಡ್ರಿ. ಬರೇ ಮಾತಿನ್ಯಾಗ ಹೇಳ್ರಿ."

"ಮಾತಿನ್ಯಾಗೂ ಬರಂಗಿಲ್ರಿ."

ಅವರ ಹೆಂಡತಿ ಮೆಹರಬಾನು ಒಳಗಿಂದಲೇ ನಕ್ಕಳು. "ಒಂದ ವರ್ಷ ತಡಕೊಳ್ರಿ ಮಾಸ್ತರ. ಪದ ಎಲ್ಲಿ ಓಡಿ ಹೋಗತೈತಿ?"

ಪದ ಓಡುವುದಿಲ್ಲ. ನನ್ನ ಗಡುವು ಓಡುತ್ತಿದೆ.

ಫರವರ್ದಿ ೯. ಲಿಂಗಸುಗೂರು

ಶಾಲೆ, ಹಾಜರಿ, ಗದ್ದಲ. ಮಧ್ಯಾಹ್ನ ಹೈದರಾಬಾದಿನಿಂದ ಪ್ರೊಫೆಸರ್ ಸಾಹೇಬರ ಕಾಗದ. ತೀರ್ ತಿಂಗಳೊಳಗೆ, ಅಂದರೆ ಇನ್ನು ಮೂರು ತಿಂಗಳಲ್ಲಿ, ಪ್ರಬಂಧ ತಲುಪದಿದ್ದರೆ ನನ್ನ ಹೆಸರು ತೆಗೆದುಹಾಕುತ್ತಾರಂತೆ. ಇನ್ನು ಮುದ್ದತು ಇಲ್ಲ. ಕೊನೆಯ ಅಧ್ಯಾಯವನ್ನು ಪೂರಾ ಇದೇ ಪದದ ಮೇಲೆ ಕಟ್ಟಿದ್ದೇನೆ. ನಡುವೆ ತೂತು ಇಟ್ಟುಕೊಂಡು ಏನು ಕಳಿಸಲಿ?

ನನ್ನ ಪ್ರಬಂಧದ ಉರ್ದು ತಿದ್ದಿಕೊಡುವ ರಾಜೇಸಾಬ್, ನಮ್ಮ ಶಾಲೆಯ ಉರ್ದು ಮಾಸ್ತರು, ನಶ್ಯ ಏರಿಸುತ್ತ ಹೇಳಿದರು: "ನಾಕ ಸಾಲು ನೀವ ಬರೀರಿ. ಅಲ್ಲಿ ಕುಂತವರು ಮಸ್ಕಿ ಅಲಾಯಿ ನೋಡ್ಯಾರೇನು?"

ಬೈದೆ. ಬೈದ ಮೇಲೂ ಮನಸ್ಸು ಅಲ್ಲೇ ಸುತ್ತುತ್ತಿದೆ.

ಫರವರ್ದಿ ೧೨

ಬರೆದೆ. ಹೆಜ್ಜೆ ಕಾಲಲ್ಲೇ ಇತ್ತು, ಮಾತು ತಾನಾಗಿ ಬಂತು.

ಕೈಯ ಮೆಹಂದಿ ಆರಲಿಲ್ಲ, ಕುದುರಿಗೆ ಜೀನ ಬಿಗಿದಾನ
ಹಂದರದ ತೋರಣ ಬಾಡಲಿಲ್ಲ, ರಣದ ದಾರಿ ಹಿಡಿದಾನ
ಹಡದವ್ವ ಬಾಗಿಲಿಗೆ ಬಂದು ಕುದುರಿ ಲಗಾಮು ಹಿಡಿದಾಳ
ನೀರು ಕುಡಿದು ಹೋಗೋ ಅಂದು ಬರಿಗೊಡ ನೋಡಿ ಅತ್ತಾಳ

ಚೆನ್ನಾಗಿದೆ. ಹೆದರಿಕೆಯಾಗುತ್ತಿದೆ.

ಫರವರ್ದಿ ೨೯. ಮಸ್ಕಿ

ತಡೆಯಲಾಗಲಿಲ್ಲ. ಬಂದೆ. ನಾನೇ ಕಟ್ಟಿದ್ದು ಎಂದು ಮೊದಲೇ ಹೇಳಿ ಓದಿದೆ. ಹುಸೇನ್‌ಸಾಬ್ ಹಿಂಜುವುದು ನಿಲ್ಲಿಸಿದರು. ಇನ್ನೊಮ್ಮೆ ಓದಿಸಿದರು. ಮೆಹರಬಾನು ಸೆರಗಿನಿಂದ ಕಣ್ಣೊರೆಸಿಕೊಂಡಳು.

"ನಮ್ಮ ನುಡಿಗಿಂತ ಛಲೋ ಐತ್ರಿ" ಎಂದರು ಹುಸೇನ್‌ಸಾಬ್. "ಬರೋ ಮೊಹರಮ್ಮಿಗೆ ಇದನ್ನ ಹಾಡತೀವಿ. ಅದನ್ನ ಬಿಡತೀವಿ."

"ಬ್ಯಾಡ್ರಿ! ನಿಮ್ಮದನ್ನ ಹಾಡ್ರಿ."

"ನಮ್ಮದ್ಯಾವುದು, ನಿಮ್ಮದ್ಯಾವುದು? ನೀವೂ ಹೆಜ್ಜಿ ಹಾಕೀರಿ. ಪದಕ್ಕ ಊರ ಹೆಸರು ಹಾಕತೀವಿ, ಯಾರ ಹೆಸರೂ ಹಾಕಂಗಿಲ್ಲ."

"ಹಳೇದು?"

"ಹಾಡದಿದ್ರ ಮರೀತೈತಿ. ಹಿಂದ ಎಷ್ಟೋ ಹಂಗ ಹೋಗ್ಯಾವ."

ಎಷ್ಟು ಸಲೀಸಾಗಿ ಹೇಳಿದರು! ಕೈಮುಗಿದೆ, ಬೇಡಿಕೊಂಡೆ. ಮೇಳದವರಿಗೆ ಆಗಲೇ ಹೇಳಿ ಕಳಿಸಿದ್ದರು. ಮೆಹರಬಾನು ಊಟಕ್ಕೆ ಕೂರಿಸಿದಳು. ಉಣ್ಣುತ್ತಲೂ ಬೇಡಿಕೊಂಡೆ.

ತೀರ್ ೨. ಲಿಂಗಸುಗೂರು

ಎರಡು ತಿಂಗಳಿಂದ ಇಲ್ಲಿ ಏನೂ ಬರೆದಿಲ್ಲ. ರಾಜೇಸಾಬ್ ತಿದ್ದಿ ಮುಗಿಸಿದರು. ನಾಳೆ ಟಪಾಲು. ನುಡಿ ತನ್ನ ಜಾಗದಲ್ಲಿ ಕೂತಿದೆ, ಕೆಳಗೆ ಅಡಿಟಿಪ್ಪಣಿಗೆ ಜಾಗ ಖಾಲಿ.

"ಮಸ್ಕಿ ಮೇಳದವರದು ಅಂತ ಹಾಕ್ರಿ, ಮುಗೀತು" ಎನ್ನುತ್ತಾರೆ ರಾಜೇಸಾಬ್. ಈ ವರ್ಷಕ್ಕೆ ಅದು ಸುಳ್ಳು, ಬರುವ ವರ್ಷಕ್ಕೆ ನಿಜ. ನನ್ನದು ಎಂದರೆ ಅಧ್ಯಾಯ ಬಿತ್ತು. ಡಾಕ್ಟರೇಟೂ ಬೀಳಬಹುದು. ಬೀಳಲಿ. ಹಳೆಯ ಪದ ಉಳಿಸಲು ಹೋದವನು ನಾನು... ಟಿಪ್ಪಣಿಯನ್ನು ಇಲ್ಲಿ ಒಮ್ಮೆ ಬರೆದು ನೋಡುತ್ತೇನೆ.

ನಾಲ್ಕನೆಯ ನುಡಿ ಕಟ್ಟಿದವನು ಈ ಪ್ರಬಂಧಕಾರನೇ. ಮಸ್ಕಿಯಲ್ಲಿ ಅದಕ್ಕೂ ಮೊದಲು ಹಾಡುತ್ತಿದ್ದ ನುಡಿ ನನ್ನ ದೆಸೆಯಿಂದ—